ಕೋತಿಮಿಂಗಿಲಕ್ಕೆ ಎಷ್ಟು ಬಾಲ?

(ಬಂಗಾಳದ ಸುಕುಮಾರ್ ರಾಯ್ ಬಗ್ಗೆ ಗದಗಿನ ಓದುಗರ ಕೂಟವೊಂದರಲ್ಲಿ ಆಡಿದ ಮಾತಿನ ಬರಹ ರೂಪ. ದಸರಾ ರಜೆ ಇತ್ತು, ಹಾಗಾಗಿ ಮಕ್ಕಳೂ ಬಂದಿದ್ದರು. ಬರೆಯುವಾಗ ಅಲ್ಲಲ್ಲಿ ತಿದ್ದಿದ್ದೇನೆ. ಹರಟೆಯನ್ನು ಮಾತ್ರ ತೆಗೆದಿಲ್ಲ.)

ಎಲ್ಲರಿಗೂ ನಮಸ್ಕಾರ. ಸುಕುಮಾರ್ ರಾಯ್ ಹತ್ತಿರ ಹೋಗುವ ಮೊದಲು ಒಂದು ಲಗ್ನಪತ್ರಿಕೆಯ ಕಥೆ ಹೇಳಿಬಿಡ್ತೀನಿ.

ನಮ್ಮಪ್ಪ ಇದೇ ಊರಿನ ಒಂದು ಪ್ರೆಸ್ಸಿನಲ್ಲಿ ಕಂಪೋಜಿಟರ್, ಅಂದರೆ ಅಚ್ಚಿನ ಮೊಳೆ ಜೋಡಿಸುವವರು, ಆಗಿದ್ದರು. ಗದಗಿಗೆ ಮುದ್ರಣಕಾಶಿ ಅಂತ ಸುಮ್ನೆ ಹೆಸರು ಬಂದಿಲ್ಲ. ನಾನು ಸಣ್ಣವನಿದ್ದಾಗ ಓಣಿಗೊಂದು ಟ್ರೆಡಲ್ ಮಷೀನಿನ ಸದ್ದು ಕೇಳುತ್ತಿತ್ತು. ಶಾಲೆ ಬಿಟ್ಟ ಮೇಲೆ ನಾನು ಮನೆಗಿಂತ ಪ್ರೆಸ್ಸಿನಲ್ಲೇ ಜಾಸ್ತಿ ಇರುತ್ತಿದ್ದೆ. ಕೆಲಸ ಮುಗಿದ ಪುಟಗಳನ್ನು ಬಿಚ್ಚಿ, ಒಂದೊಂದು ಮೊಳೆಯನ್ನೂ ಅದರದರ ಖಾನೆಗೆ ಹಾಕುವುದು ನನ್ನ ಕೆಲಸ. ಕನ್ನಡದ ಮೊಳೆಗಳಲ್ಲಿ ಅಕ್ಷರ ಬೇರೆ, ಕೊಂಬು ಬೇರೆ, ಒತ್ತು ಬೇರೆ. ಕೊಂಬಿನ ಮೊಳೆ ಅಂದರೆ ಅಕ್ಕಿಕಾಳಿನ ತೆಳುವು. ಬೆರಳಿಗೆ ಸಿಕ್ಕರೆ ಸಿಕ್ಕಿತು, ಇಲ್ಲದಿದ್ದರೆ ಇಲ್ಲ.

ಒಂದು ದಿನ ಒಂದು ಲಗ್ನಪತ್ರಿಕೆ ಅಚ್ಚಾಯಿತು. ಮುನ್ನೂರು ಪ್ರತಿ. ಸಂಜೆ ಹುಡುಗಿಯ ಸೋದರಮಾವ ಕಾರ್ಡು ಹಿಡಿದುಕೊಂಡು ಬಂದರು. "ಏನ್ರೀ, ನಾವು ಲಗ್ನ ಮಾಡಾಕತ್ತೇವೋ, ವಧಾ ಮಾಡಾಕತ್ತೇವೋ?" ಅಪ್ಪ ಕಾರ್ಡು ಇಸಿದುಕೊಂಡು ನೋಡಿದರು. 'ವಧು-ವರರನ್ನು ಆಶೀರ್ವದಿಸಬೇಕು' ಅಂತ ಇರಬೇಕಾದಲ್ಲಿ 'ವಧ-ವರರನ್ನು' ಅಂತ ಆಗಿದೆ. ಮಷೀನಿಗೆ ಏರಿಸುವಾಗ ಕೊಂಬು ಉದುರಿ ಹೋಗಿದೆ! ಮತ್ತೆ ಅಚ್ಚು ಮಾಡಲು ಕಾಗದ ಇಲ್ಲ, ಟೈಮೂ ಇಲ್ಲ. ಆ ರಾತ್ರಿ ಅಪ್ಪ, ನಾನು, ಮಷೀನಿನ ಹುಡುಗ ಮೂವರೂ ಕೂತು ಸಣ್ಣ ಟಾಕಿನಿಂದ ಮುನ್ನೂರು ಕೊಂಬು ಬರೆದೆವು. ನನ್ನ ಪಾಲಿಗೆ ನೂರು ಬಂದವು. ಅರವತ್ತು ಎಪ್ಪತ್ತು ದಾಟಿದ ಮೇಲೆ ನನಗೆ ನಗು ಶುರುವಾಯಿತು. ಅಷ್ಟು ಸಣ್ಣದೊಂದು ಕೊಂಬು, ಅದೊಂದಿಲ್ಲದಿದ್ದರೆ ಮದುವೆ ಹೋಗಿ ಕೊಲೆ ಆಗುತ್ತದೆ. ಅಪ್ಪ ಮಾತ್ರ ನಗಲಿಲ್ಲ. ನಗುವ ಸ್ಥಿತಿಯಲ್ಲಿ ಅವರು ಇರಲಿಲ್ಲ ಬಿಡಿ.

ಈ ಕಥೆ ಯಾಕೆ ಹೇಳಿದೆ ಅಂದರೆ, ಇವತ್ತು ನಾನು ಹೇಳಹೊರಟಿರುವ ಮನುಷ್ಯನೂ ಪ್ರೆಸ್ಸಿನವನೇ. ಭಾರತದಲ್ಲಿ ಮಕ್ಕಳನ್ನು ಅಷ್ಟೊಂದು ನಗಿಸಿದ ಇನ್ನೊಬ್ಬ ಲೇಖಕನನ್ನು ನಾನಂತೂ ಓದಿಲ್ಲ. ಅವನ ವೃತ್ತಿ ಚಿತ್ರ ಅಚ್ಚು ಹಾಕುವ ಬ್ಲಾಕ್ ಮಾಡುವುದು, ಅಚ್ಚು ಹಾಕುವುದು. ಎಲ್ಲರೂ ಅವನನ್ನು ಕವಿ ಅಂತಾರೆ, ಸತ್ಯಜಿತ್ ರಾಯ್ ಅವರ ತಂದೆ ಅಂತಾರೆ. ಪ್ರೆಸ್ಸಿನವನು ಅನ್ನುವುದನ್ನು ಒಂದು ಸಾಲಿನಲ್ಲಿ ಮುಗಿಸಿಬಿಡುತ್ತಾರೆ. ನಾನು ಅಲ್ಲಿಂದಲೇ ಶುರು ಮಾಡ್ತೀನಿ.

ನನಗೆ ಇವರು ಸಿಕ್ಕಿದ್ದು ಬಂಗಾಳದ ಖರಗಪುರದಲ್ಲಿ. ರೈಲ್ವೆ ನೌಕರಿಯಲ್ಲಿ ನಾಲ್ಕು ವರ್ಷ ಅಲ್ಲಿದ್ದೆ. ಪಕ್ಕದ ಕ್ವಾರ್ಟರ್ಸಿನ ಪುಟ್ಟ ಹುಡುಗಿ ದಿನಾ ಸಂಜೆ ಮೆಟ್ಟಿಲ ಮೇಲೆ ಕೂತು ಒಂದು ಪದ್ಯ ಹೇಳುತ್ತಿತ್ತು. "ಬಾಬುರಾಮ್ ಸಾಪುಡೇ, ಕೋಥಾ ಜಾಸ್ ಬಾಪು ರೇ." ಅರ್ಥ ಗೊತ್ತಿರಲಿಲ್ಲ, ಲಯ ಮಾತ್ರ ಕಿವಿಯಲ್ಲಿ ಕೂತುಬಿಟ್ಟಿತು. ಕಡೆಗೆ ಅದೇ ಹುಡುಗಿಯ ಒಂದನೇ ಇಯತ್ತೆಯ ಪುಸ್ತಕದಿಂದ ನಾನು ಬಂಗಾಳಿ ಅಕ್ಷರ ಕಲಿತೆ. ಮೂವತ್ತು ದಾಟಿದ ಗಂಡಸು ಪಾಟಿ ಹಿಡಿದು ಕೂತಿದ್ದನ್ನು ನೋಡಿ ಅವರ ಮನೆಯವರಿಗೆ ಬಹಳ ಖುಷಿ.

ಆ ಪದ್ಯದಲ್ಲಿ ಒಬ್ಬ ಶೂರ ಇದ್ದಾನೆ. ಹಾವಾಡಿಗ ಬಾಬುರಾಮನನ್ನು ಕರೆದು, ಎರಡು ಹಾವು ಕೊಟ್ಟು ಹೋಗಪ್ಪ ಅನ್ನುತ್ತಾನೆ. ಎಂಥ ಹಾವು? ಕಣ್ಣಿರಬಾರದು, ಕೊಂಬಿರಬಾರದು, ಉಗುರಿರಬಾರದು. ಓಡಬಾರದು, ಕಚ್ಚಬಾರದು. ನನಗೆ ಬಂದ ಹಾಗೆ ಕನ್ನಡದಲ್ಲಿ ಹೇಳ್ತೀನಿ:

ಬುಸ್ಸೆಂದು ಊದಲ್ಲ,
ಡುಸ್ಸೆಂದು ಹಾಯಲ್ಲ,
ತಂಟೆಯೇ ಮಾಡಲ್ಲ,
ಹಾಲನ್ನ ಬಿಟ್ಟೇನೂ ಮುಟ್ಟಲ್ಲ.
ಅಂಥಾವು ಎರಡು
ಜೀವಂತ ಹಿಡಿದು
ತಂದುಕೊಡು ಬಾಪಾ,
ಬಡಿಗೇಲಿ ಬಡಿದು ತೀರಿಸ್ತೀನಿ ಕೋಪ!

(ಇಲ್ಲಿ ಮಕ್ಕಳು ನಕ್ಕರು. ದೊಡ್ಡವರು ಒಂದು ಕ್ಷಣ ತಡವಾಗಿ ನಕ್ಕರು.)

ಹಾಲುಅನ್ನ ತಿಂದುಕೊಂಡು ತೆಪ್ಪಗಿರುವ ಹಾವನ್ನು ಹೊಡೆಯುವ ಶೂರ. ನಾನು ನೌಕರಿ ಮಾಡಿದ ಮೂವತ್ತೈದು ವರ್ಷದಲ್ಲಿ ಇಂಥ ಶೂರರನ್ನು ಸಾಕಷ್ಟು ನೋಡಿದೆ. ಎಲ್ಲೆಲ್ಲಿ ಅಂತ ಹೇಳಲ್ಲ, ಪಿಂಚಣಿ ಬರ್ತಾ ಇದೆ.

ಈಗ ಮನೆತನದ ಮಾತು. ಸುಕುಮಾರ್ ಹುಟ್ಟಿದ್ದು 1887ರ ಅಕ್ಟೋಬರ್ 30ರಂದು, ಕಲ್ಕತ್ತೆಯಲ್ಲಿ. ಅಪ್ಪ ಉಪೇಂದ್ರಕಿಶೋರ್ ರಾಯ್‌ಚೌಧುರಿ. ತಾಯಿ ವಿಧುಮುಖಿ, ಬ್ರಹ್ಮಸಮಾಜದ ಸುಧಾರಕ ದ್ವಾರಕಾನಾಥ ಗಂಗೂಲಿಯವರ ಮಗಳು. ದ್ವಾರಕಾನಾಥರ ಎರಡನೆಯ ಹೆಂಡತಿ ಕಾದಂಬಿನಿ ಗಂಗೂಲಿ ನಮ್ಮ ದೇಶದ ಮೊದಮೊದಲ ಮಹಿಳಾ ಡಾಕ್ಟರುಗಳಲ್ಲಿ ಒಬ್ಬರು. ಮನೆಯಲ್ಲಿ ಸುಕುಮಾರ್‌ನನ್ನು ಕರೆಯುತ್ತಿದ್ದದ್ದು 'ತಾತಾ' ಅಂತ, ಅಕ್ಕ ಸುಖಲತಾಳನ್ನು 'ಹಾಸಿ' ಅಂತ. ರವೀಂದ್ರನಾಥರ 'ರಾಜರ್ಷಿ' ಕಾದಂಬರಿಯ ಅಕ್ಕ ತಮ್ಮನ ಹೆಸರು ಅವು. ನಮ್ಮ ಕಡೆ ಕೇಳಿದರೆ ಹುಟ್ಟಿದ ಕೂಸಿಗೆ ಯಾಕ್ರೀ ತಾತಾ ಅಂತೀರಿ ಅನ್ನುತ್ತಿದ್ದರು, ಅಲ್ವಾ.

ಉಪೇಂದ್ರಕಿಶೋರ್ ಪಿಟೀಲು ಬಾರಿಸುತ್ತಿದ್ದರು, ಚಿತ್ರ ಬರೆಯುತ್ತಿದ್ದರು, ಮಕ್ಕಳಿಗೆ ಕಥೆ ಬರೆಯುತ್ತಿದ್ದರು. ಮಕ್ಕಳಿಗಾಗಿ ರಾಮಾಯಣ ಬರೆದು ಚಿತ್ರ ಹಾಕಿಕೊಟ್ಟರು. ಆಗ ಚಿತ್ರವನ್ನು ಕಟ್ಟಿಗೆಯಲ್ಲಿ ಕೆತ್ತಿ ಅಚ್ಚು ಹಾಕುತ್ತಿದ್ದರು. ಕೆತ್ತಿದವನ ಕೈಯಲ್ಲಿ ಇವರ ಚಿತ್ರ ಹಾಳಾಗಿ ಹೋಯಿತು. ಬೇರೆಯವರಾದರೆ ಬೈದು ಸುಮ್ಮನಾಗುತ್ತಿದ್ದರು. ಇವರು ಇಂಗ್ಲೆಂಡಿನಿಂದ ಕ್ಯಾಮೆರಾ, ಸಾಮಾನು, ಪುಸ್ತಕ ತರಿಸಿಕೊಂಡು 1895ರ ಸುಮಾರಿಗೆ ತಾವೇ ಹಾಫ್‌ಟೋನ್ ಬ್ಲಾಕ್ ಮಾಡಲು ಕೂತರು. ಕಲಿಸುವವರು ಯಾರೂ ಇಲ್ಲ. ಲೆಕ್ಕ ಹಾಕಿ, ಪ್ರಯೋಗ ಮಾಡಿ ಕಲಿತರು. ಆಮೇಲೆ ಲಂಡನ್ನಿನ ಪೆನ್‌ರೋಸ್ ಅನ್ನುವ ಮುದ್ರಣದ ವಾರ್ಷಿಕದಲ್ಲಿ ಇವರ ಲೇಖನಗಳೇ ಅಚ್ಚಾದವು. ಕಲ್ಕತ್ತೆಯ ಮನೆಯಲ್ಲಿ ಕೂತು ಲಂಡನ್ನಿನ ಪ್ರೆಸ್ಸಿನವರಿಗೆ ಪಾಠ!

ಹಾಫ್‌ಟೋನ್ ಅಂದರೆ ಏನು ಅಂತ ಮಕ್ಕಳಿಗೆ ತೋರಿಸ್ತೀನಿ. ಈ ಹಳೆ ಪೇಪರ್ ತಗೊಳ್ಳಿ, ಈ ಭೂತಗನ್ನಡಿಯಿಂದ ಫೋಟೋ ನೋಡಿ. (ಪೇಪರ್ ಮುಂದಿನ ಸಾಲಿನಿಂದ ಹಿಂದಕ್ಕೆ ಹೋಯಿತು. "ಚುಕ್ಕಿ! ಬರೇ ಚುಕ್ಕಿ!" ಅಂತ ಒಬ್ಬ ಕೂಗಿದ.) ಹೌದು, ಬರೀ ಚುಕ್ಕಿ. ಮಷೀನಿಗೆ ಗೊತ್ತಿರುವುದು ಕಪ್ಪು ಮಸಿ ಒಂದೇ. ಬೂದು ಅನ್ನುವ ಬಣ್ಣ ಅದರ ಹತ್ತಿರ ಇಲ್ಲ. ಸಣ್ಣ ಗೆರೆ ಕೊರೆದ ಗಾಜನ್ನು ಅಡ್ಡ ಇಟ್ಟು ಫೋಟೋ ತೆಗೆದರೆ ಚಿತ್ರ ಚುಕ್ಕಿಯಾಗಿ ಒಡೆಯುತ್ತದೆ. ಕತ್ತಲೆ ಇರುವಲ್ಲಿ ಚುಕ್ಕಿ ದೊಡ್ಡದು, ಬೆಳಕಿರುವಲ್ಲಿ ಸಣ್ಣದು. ದೂರದಿಂದ ನೋಡಿದರೆ ಕಣ್ಣು ಮೋಸ ಹೋಗಿ ಗಾಂಧೀಜಿಯ ಮುಖ ಅನ್ನುತ್ತದೆ. ಆ ಗಾಜು ಎಷ್ಟು ದೂರ ಇರಬೇಕು, ಕ್ಯಾಮೆರಾದ ಕಿಂಡಿ ಎಷ್ಟು ದೊಡ್ಡದಿರಬೇಕು ಅನ್ನುವುದರಲ್ಲಿ ಕೂದಲೆಳೆ ಹೆಚ್ಚುಕಮ್ಮಿ ಆದರೂ ಮುಖಕ್ಕೆ ಮಸಿ ಬಳಿದ ಹಾಗೆ ಆಗುತ್ತದೆ. ಕಣ್ಣಿಗೆ ಸುಳ್ಳು ಹೇಳಬೇಕಾದರೆ ಲೆಕ್ಕ ಕರಾರುವಾಕ್ಕಾಗಿರಬೇಕು.

ಸುಕುಮಾರ್ ಬೆಳೆದದ್ದು ಈ ಚುಕ್ಕಿಗಳ ನಡುವೆ. ಮುಂದೆ ಅವರು ಬರೆದ ಅಸಂಬದ್ಧ ಪದ್ಯಗಳಿದ್ದಾವಲ್ಲ, ಅವುಗಳ ಹಿಂದೆ ಇರುವುದೂ ಇದೇ ಲೆಕ್ಕ ಅಂತ ನನ್ನ ಅನಿಸಿಕೆ. ತಲೆಗೆ ಬಂದದ್ದನ್ನು ಬರೆದರೆ ಅದು ಹುಚ್ಚಾಟ ಅಷ್ಟೇ. ಮಕ್ಕಳು ಎರಡು ನಿಮಿಷ ನಕ್ಕು ಎದ್ದು ಹೋಗುತ್ತಾರೆ.

ಪ್ರೆಸಿಡೆನ್ಸಿ ಕಾಲೇಜಿನಲ್ಲಿ ಫಿಸಿಕ್ಸ್, ಕೆಮಿಸ್ಟ್ರಿ ಓದಿ 1906ರಲ್ಲಿ ಪಾಸಾದರು. ಆ ವಯಸ್ಸಿನಲ್ಲೇ ಗೆಳೆಯರನ್ನು ಕಟ್ಟಿಕೊಂಡು 'ನಾನ್‌ಸೆನ್ಸ್ ಕ್ಲಬ್' ಮಾಡಿದರು. ಅದಕ್ಕೆ ಕೈಬರಹದ ಪತ್ರಿಕೆ ಬೇರೆ. ಹೆಸರು 'ಸಾಡೇ ಬತ್ರಿಶ್ ಭಾಜಾ', ಅಂದರೆ ಮೂವತ್ತೆರಡೂವರೆ ಕರಿದ ತಿಂಡಿ. ಕಲ್ಕತ್ತೆಯ ಬೀದಿಯಲ್ಲಿ ಮೂವತ್ತೆರಡು ಬಗೆ ಸೇರಿಸಿದ ಚೂಡಾದಂಥ ತಿಂಡಿ ಮಾರುತ್ತಿದ್ದರಂತೆ. ಅದರ ಮೇಲೆ ಕರಿದ ಅರ್ಧ ಮೆಣಸಿನಕಾಯಿ. ಆ ಅರ್ಧ ಅದು! ಗಿರ್ಮಿಟ್ ತಟ್ಟೆಯ ಬದಿಗೆ ಮಿರ್ಚಿ ಇಟ್ಟುಕೊಂಡು ತಿನ್ನುವ ಊರಿನವರಿಗೆ ಇದನ್ನು ಜಾಸ್ತಿ ಬಿಡಿಸಿ ಹೇಳಬೇಕಿಲ್ಲ.

1911ರಲ್ಲಿ ಕಲ್ಕತ್ತಾ ವಿಶ್ವವಿದ್ಯಾಲಯದ ಸ್ಕಾಲರ್‌ಶಿಪ್ ಸಿಕ್ಕಿ ಇಂಗ್ಲೆಂಡಿಗೆ ಹೋದರು. ಲಂಡನ್ನಿನಲ್ಲೂ ಮ್ಯಾಂಚೆಸ್ಟರಿನಲ್ಲೂ ಓದಿದ್ದು ಬ್ಲಾಕ್ ಮಾಡುವ, ಲಿಥೋ ಅಚ್ಚು ಹಾಕುವ ವಿದ್ಯೆ. ಅಲ್ಲಿನ ಮುದ್ರಣದ ಪತ್ರಿಕೆಗಳಿಗೆ ಲೇಖನ ಬರೆದರು. ಮುಂದೆ ರಾಯಲ್ ಫೋಟೋಗ್ರಾಫಿಕ್ ಸೊಸೈಟಿಯ ಫೆಲೋ ಕೂಡ ಆದರು. 1912ರಲ್ಲಿ ರವೀಂದ್ರನಾಥರು ಲಂಡನ್ನಿಗೆ ಬಂದಾಗ ಇವರೂ ಅಲ್ಲಿದ್ದರು. ಅವರ ಕಾವ್ಯದ ಬಗ್ಗೆ ಇಂಗ್ಲಿಷಿನಲ್ಲಿ ಒಂದು ಪ್ರಬಂಧ ಓದಿದರು. ಆಗಿನ್ನೂ ನೊಬೆಲ್ ಬಂದಿರಲಿಲ್ಲ.

1913. ಅಪ್ಪ ಕಲ್ಕತ್ತೆಯಲ್ಲಿ ಮಕ್ಕಳ ಮಾಸಪತ್ರಿಕೆ ಶುರು ಮಾಡಿದರು. ಹೆಸರು 'ಸಂದೇಶ್'. ನಮಗೆ ಸಂದೇಶ ಅಂದರೆ ಸುದ್ದಿ. ಬಂಗಾಳಿಯವರಿಗೆ ಸುದ್ದಿಯೂ ಹೌದು, ಛೇನಾದಿಂದ ಮಾಡಿದ ಸಿಹಿಯೂ ಹೌದು. ಧಾರವಾಡದಲ್ಲಿ ಮಕ್ಕಳ ಪತ್ರಿಕೆಗೆ 'ಫೇಡೆ' ಅಂತ ಹೆಸರಿಟ್ಟ ಹಾಗೆ! ಅದೇ ವರ್ಷ ಮಗ ವಾಪಸು ಬಂದು, ಸುಪ್ರಭಾ ಅವರನ್ನು ಮದುವೆಯಾದರು. ಗಡಪಾರ್ ರಸ್ತೆಯ 100ನೇ ನಂಬರಿನಲ್ಲಿ ಹೊಸ ಮನೆ. ಅದರಲ್ಲೇ ಪ್ರೆಸ್ಸು, ಅದರಲ್ಲೇ ಸಂಸಾರ. ಯು. ರಾಯ್ ಅಂಡ್ ಸನ್ಸ್ ಅಂತ ಬೋರ್ಡು. 1915ರ ಡಿಸೆಂಬರಿನಲ್ಲಿ ಅಪ್ಪ ತೀರಿಕೊಂಡರು. ಪ್ರೆಸ್ಸು, ಪತ್ರಿಕೆ ಎರಡೂ ಮಗನ ಹೆಗಲಿಗೆ ಬಂತು.

ತಿಂಗಳಿಗೊಮ್ಮೆ ಪತ್ರಿಕೆ ಹೊರಬೀಳಲೇಬೇಕು ಅಂದರೆ ಏನು ಪಾಡು ಅಂತ ಈ ಊರಿನಲ್ಲಿ ಗೊತ್ತಿದ್ದವರು ಇದ್ದೀರಿ. ಪದ್ಯ ಅವರದೇ, ಕಥೆ ಅವರದೇ, ಚಿತ್ರ ಅವರದೇ. ಒಗಟು, ನಾಟಕ, ವಿಜ್ಞಾನದ ಲೇಖನ ಎಲ್ಲಾ ಅವರದೇ. ಆಮೇಲೆ ಬ್ಲಾಕು, ಅಚ್ಚು. ಎಂಟು ವರ್ಷ ಹೀಗೆ. ಚಿತ್ರಕಲೆಯನ್ನು ಅವರು ಯಾವ ಶಾಲೆಯಲ್ಲೂ ಕಲಿತವರಲ್ಲ. ಆದರೆ ಅವರ ಕುಂಬಳಕಾಯಿ ಹೊಟ್ಟೆಯ ಪ್ರಾಣಿಯನ್ನು ಒಮ್ಮೆ ನೋಡಿದವರಿಗೆ ಅದು ಎಲ್ಲೋ ಇದ್ದೇ ಇದೆ ಅನಿಸುತ್ತದೆ.

ಈ ನಡುವೆ ಗೆಳೆಯರ ಇನ್ನೊಂದು ಕೂಟ. ಸೋಮವಾರ ಸೇರುವ 'ಮಂಡೇ ಕ್ಲಬ್'. ತಿಂಡಿ ಜೋರಾಗಿದ್ದರಿಂದ ಅದು 'ಮಂಡಾ ಕ್ಲಬ್' ಆಯಿತು. ಮಂಡಾ ಅವರ ಕಡೆಯ ಒಂದು ಸಿಹಿ. ನಮ್ಮ ಮಂಡಿಗೆಗೂ ಅದಕ್ಕೂ ಸಂಬಂಧ ಇಲ್ಲ. ಇವರಂತೂ ಮನಸಿನಲ್ಲಿ ಮಂಡಿಗೆ ತಿಂದು ಕೂತವರಲ್ಲ, ತಟ್ಟೆಯಲ್ಲೇ ತಿಂದವರು. ಮುಂದೆ ಸಂಖ್ಯಾಶಾಸ್ತ್ರದಲ್ಲಿ ಹೆಸರಾದ ಪ್ರಶಾಂತಚಂದ್ರ ಮಹಲನೋಬಿಸ್, ಭಾಷಾಶಾಸ್ತ್ರದಲ್ಲಿ ಹೆಸರಾದ ಸುನೀತಿಕುಮಾರ್ ಚಟರ್ಜಿ ಅಂಥವರೆಲ್ಲ ಅಲ್ಲಿದ್ದರು. ಸಭೆಯ ಕರೆಯೋಲೆಯನ್ನು ಸುಕುಮಾರ್ ಪದ್ಯದಲ್ಲೇ ಬರೆದು ಅಚ್ಚು ಹಾಕಿ ಕಳಿಸುತ್ತಿದ್ದರು. ಸ್ವಂತ ಪ್ರೆಸ್ಸು ಇದ್ದವರ ಸುಖ.

ಈಗ 'ಖಿಚುಡಿ' ಅನ್ನುವ ಪದ್ಯ. ಮಕ್ಕಳು ಕಿವಿಗೊಡಿ. ಹಾಂಸ್ ಅಂದರೆ ಬಾತುಕೋಳಿ, ಸಜಾರು ಅಂದರೆ ಮುಳ್ಳುಹಂದಿ. ಎರಡೂ ಸೇರಿ 'ಹಾಂಸಜಾರು'. ಹಾತಿ ಅಂದರೆ ಆನೆ, ತಿಮಿ ಅಂದರೆ ತಿಮಿಂಗಿಲ. ಸೇರಿ 'ಹಾತಿಮಿ'. ಪಾಪ, ಅದರ ಪಾಡು ನೋಡಿ. ತಿಮಿಂಗಿಲದ ಅರ್ಧ ನೀರಿಗೆ ಹೋಗೋಣ ಅನ್ನುತ್ತದೆ, ಆನೆಯ ಅರ್ಧ ಕಾಡಿಗೆ ನಡಿಯೋ ತಮ್ಮಾ ಅನ್ನುತ್ತದೆ.

ಇದನ್ನು ಕನ್ನಡಕ್ಕೆ ತರಲು ಕೂತೆ. 'ಆನೆಮಿಂಗಿಲ' ಅಂದರೆ ಸಪ್ಪೆ. ಯಾಕೆ ಅಂತ ಬಹಳ ದಿನ ತಿಳಿಯಲಿಲ್ಲ. ಆಮೇಲೆ ಪ್ರೆಸ್ಸಿನ ಮೊಳೆ ಜೋಡಿಸಿದ ಕೈಗೆ ಗೊತ್ತಾಯಿತು. ಹಾತಿಯ ಕೊನೆಯಲ್ಲಿ 'ತಿ' ಇದೆ, ತಿಮಿಯ ಮೊದಲಲ್ಲೂ 'ತಿ' ಇದೆ. ಒಂದೇ ಮೊಳೆ ಎರಡು ಪ್ರಾಣಿಗೂ ಸಾಕು! ಅಲ್ಲಿ ಗಂಟು ಬಿದ್ದರೆ ಮಾತ್ರ ಪ್ರಾಣಿ ಹುಟ್ಟುತ್ತದೆ. ಇಲ್ಲದಿದ್ದರೆ ಅಂಟಿಸಿದ್ದು ಕಾಣುತ್ತದೆ. ಇದು ಹೊಳೆದ ಮೇಲೆ ಬಸ್ಸಿನಲ್ಲಿ, ಸ್ನಾನದ ಮನೆಯಲ್ಲಿ ಇದೇ ಕೆಲಸ. ಆಮೆ, ಮೇಕೆ ಸೇರಿ 'ಆಮೇಕೆ'. ಕೋತಿ, ತಿಮಿಂಗಿಲ ಸೇರಿ 'ಕೋತಿಮಿಂಗಿಲ'.

(ಆಮೇಲೆ ಹತ್ತು ನಿಮಿಷ ಉಪನ್ಯಾಸ ನನ್ನ ಕೈಯಲ್ಲಿ ಉಳಿಯಲಿಲ್ಲ. ಹಿಂದಿನ ಸಾಲಿನಿಂದ 'ಮೊಸಳಿಲು' ಬಂತು. ಮೊಸಳೆ, ಅಳಿಲು. ನನಗೆ ಇಷ್ಟು ವರ್ಷ ಹೊಳೆದಿರಲಿಲ್ಲ. ಇನ್ನೊಬ್ಬ ಎದ್ದು ನಿಂತು 'ಹುಲಿಂಬೆಹಣ್ಣು' ಅಂದ. ಹಣ್ಣು ಪ್ರಾಣಿಯಲ್ಲ ಅಂತ ಗಲಾಟೆ ಆಯಿತು. ಗಂಟು ಸರಿಯಾಗಿ ಬಿದ್ದಿದೆ, ತಗೊಳ್ಳೋಣ ಅಂದೆ.)

ಇನ್ನೊಂದು ಪ್ರಾಣಿ 'ಹುಂಕೋಮುಖೋ ಹ್ಯಾಂಗ್ಲಾ'. ಸದಾ ಸಪ್ಪೆ ಮೋರೆ. ಅದಕ್ಕೆ ಎರಡು ಬಾಲ. ಬಲಗಡೆ ನೊಣ ಕೂತರೆ ಬಲಬಾಲದಿಂದ ಹೊಡೆಯುತ್ತದೆ, ಎಡಗಡೆ ಕೂತರೆ ಎಡಬಾಲದಿಂದ. ನಡುವೆ ಕೂತರೆ ಯಾವ ಬಾಲದಿಂದ ಹೊಡೀಬೇಕು? ಇದೇ ಚಿಂತೆ ಅದನ್ನು ತಿನ್ನುತ್ತಿದೆ. ನಕ್ಕುಬಿಡಬಹುದು. ಆದರೆ ಸರ್ಕಾರಿ ಕಚೇರಿಯಲ್ಲಿ ಒಂದು ಫೈಲು ಎರಡು ವಿಭಾಗದ ನಡುವೆ ಕೂತದ್ದನ್ನು ನೋಡಿದವರಿಗೆ ಆ ನೊಣದ ಗುರುತು ಸಿಗುತ್ತದೆ.

'ಸತ್ಪಾತ್ರ', ಅಂದರೆ ಒಳ್ಳೆ ವರ. ನಿನ್ನ ಮಗಳಿಗೆ ಗಂಗಾರಾಮ ಗಂಡಂತೆ, ಹುಡುಗ ಒಳ್ಳೆಯವನೇ ಬಿಡು, ಅಂತ ಒಬ್ಬ ಮಾತು ತೆಗೆಯುತ್ತಾನೆ. ಮುಖ ಸ್ವಲ್ಪ ಗೂಬೆ ಥರ. ಓದು? ಹತ್ತೊಂಬತ್ತು ಸಲ ಮೆಟ್ರಿಕ್ ಕೂತು ಗಾಯಗೊಂಡು ಬಿಟ್ಟ. ತಮ್ಮಂದಿರು? ಒಬ್ಬನಿಗೆ ಹುಚ್ಚು, ಒಬ್ಬ ಒರಟ, ಒಬ್ಬ ಖೋಟಾ ನೋಟು ಮಾಡಿ ಜೈಲಿನಲ್ಲಿದ್ದಾನೆ. ಕಿರಿಯವನು ಜಾತ್ರಾ ನಾಟಕದ ಮೇಳದಲ್ಲಿ ತಬಲಾ ಬಾರಿಸಿ ಐದು ರೂಪಾಯಿ ತರುತ್ತಾನೆ. ಆದರೆ ಮನೆತನ ದೊಡ್ಡದು, ಕಂಸರಾಜನ ವಂಶ! ಇದರಲ್ಲಿ ಒಂದು ಮಾತೂ ಅಸಾಧ್ಯವಲ್ಲ ನೋಡಿ. ಹೆಣ್ಣು ಕೊಡುವ ಮನೆಯಲ್ಲಿ ಚಹಾ ಕುಡಿಯುತ್ತ ಹೇಳುವ ಮಾತಿನ ಧಾಟಿಯೇ ಇದು. 'ಆದರೆ ಮನಿತನ ಭಾಳ ಛಲೋ' ಅನ್ನುವುದನ್ನು ನಾವೆಲ್ಲ ಕೇಳಿದ್ದೇವೆ.

'ಹಜಬರಲ' ಗದ್ಯದ ಕಥೆ. ಬಂಗಾಳಿಯಲ್ಲಿ ಯ ಅನ್ನುವುದು ಜ ಆಗುತ್ತದೆ, ವ ಅನ್ನುವುದು ಬ ಆಗುತ್ತದೆ. ಹಾಗಾಗಿ ಹೆಸರಿನ ಅಕ್ಷರ ನಿಜವಾಗಿ ಹ, ಯ, ವ, ರ, ಲ. ಪಾಣಿನಿಯ ಸೂತ್ರದ ಸಾಲು! ಅಂಥ ಗಂಭೀರ ಅಕ್ಷರಗಳನ್ನು ತೆಗೆದುಕೊಂಡು ಗೊಂದಲ, ಕಲಸುಮೇಲೋಗರ ಅನ್ನುವ ಅರ್ಥದಲ್ಲಿ ಇಟ್ಟಿದ್ದಾರೆ. ಸೆಕೆಯಲ್ಲಿ ಬೆವರೊರೆಸಲು ಹುಡುಗ ಕರ್ಚೀಫಿಗೆ ಕೈ ಹಾಕುತ್ತಾನೆ. ಕರ್ಚೀಫು 'ಮ್ಯಾವ್' ಅನ್ನುತ್ತದೆ. ಬೆಕ್ಕಾಗಿಬಿಟ್ಟಿದೆ. ಸೆಕೆ ಇದ್ದರೆ ಟಿಬೆಟ್ಟಿಗೆ ಹೋಗಬಾರದಾ ಅನ್ನುತ್ತದೆ ಬೆಕ್ಕು. ದಾರಿ? ಕಲ್ಕತ್ತಾ, ಡೈಮಂಡ್ ಹಾರ್ಬರ್, ರಾಣಾಘಾಟ್, ಟಿಬೆಟ್. ಮುಗೀತು, ಸವ್ವಾ ಗಂಟೆಯ ದಾರಿ. ಗದಗ, ಮುಂಡರಗಿ, ಶಿರಹಟ್ಟಿ, ಟಿಬೆಟ್ ಅಂದ ಹಾಗೆ.

ಆಮೇಲೆ ಪಾಟಿ ಹಿಡಿದ ಕಾಗೆ ಬರುತ್ತದೆ. ಏಳೆರಡ್ಲೆ ಎಷ್ಟು ಅಂತ ಲೆಕ್ಕ ಮಾಡುತ್ತಿದೆ. ಕಂಕುಳಲ್ಲಿ ಮಗ್ಗಿ ಇಟ್ಟುಕೊಂಡು ಬೆಳೆದ ನಮಗೆ ಗೊತ್ತು, ಹದಿನಾಲ್ಕು, ನಾಲ್ಕು ಕೆಳಗೆ, ಒಂದು ಕೈಯಲ್ಲಿ. ಕಾಗೆ ಏನನ್ನುತ್ತದೆ? ಹದಿನಾಲ್ಕರ ನಾಲ್ಕು ಇಳಿಸಿದೆ, ಕೈಯಲ್ಲಿ ಉಳಿದದ್ದು ಪೆನ್ಸಿಲ್! ಏನೂ ಗಿಟ್ಟದೆ ವಾಪಸು ಬಂದವರು ಕಲ್ಕತ್ತೆಯಲ್ಲಿ ಈಗಲೂ 'ಕೈಯಲ್ಲಿ ಉಳಿದದ್ದು ಪೆನ್ಸಿಲ್' ಅನ್ನುತ್ತಾರೆ. ನಮ್ಮ 'ಕೈಗೆ ಚಿಪ್ಪು' ಥರ. ಹುಡುಗ ಏಳೆರಡ್ಲೆ ಹದಿನಾಲ್ಕೇ ಅಂದರೆ ಕಾಗೆ ಒಪ್ಪಲ್ಲ. ನೀನು ಹೇಳಿದಾಗ ಇನ್ನೂ ಪೂರ್ತಿ ಹದಿನಾಲ್ಕು ಆಗಿರಲಿಲ್ಲ, 13 ರೂಪಾಯಿ 14 ಆಣೆ 3 ಪೈ ಆಗಿತ್ತು, ನಾನು ಟೈಮಿಗೆ ಸರಿಯಾಗಿ ಬರೆಯದಿದ್ದರೆ 14 ರೂಪಾಯಿ 1 ಆಣೆ 9 ಪೈ ಆಗಿಬಿಡುತ್ತಿತ್ತು ಅನ್ನುತ್ತದೆ. ನಿಮ್ಮ ದೇಶದಲ್ಲಿ ಹೊತ್ತಿಗೆ ಬೆಲೆ ಇಲ್ಲವಾ ಅಂತ ಕೇಳುತ್ತದೆ. ಬಜಾರಕ್ಕೆ ಹೋಗಿ ಬಂದವರು ಹೇಳಿ, ಕಾಗೆ ಹೇಳಿದ್ದು ಸುಳ್ಳಾ? ನಿನ್ನೆಯ ಉಳ್ಳಾಗಡ್ಡಿ ರೇಟು ಇವತ್ತು ಇತ್ತಾ?

ಈ ಹೊತ್ತಿಗೆ ಒಬ್ಬ ಹಿರಿಯರು ಎದ್ದು ಕೇಳಿದರು. "ಸರ, ಎಲ್ಲಾ ಖರೆ. ಇದರ ಅರ್ಥ ಏನ್ರಿ? ಒಳಗ ಏನರ ಇರಬೇಕಲ್ಲ?" ಕೇಳಬೇಕಾದ ಪ್ರಶ್ನೆಯೇ. ಯಾಕೆಂದರೆ ನಾವು ಶರೀಫರ ನೆಲದವರು. 'ಕೋಡಗನ ಕೋಳಿ ನುಂಗಿತ್ತಾ' ಅಂತ ಹಾಡಿಕೊಂಡು ಬೆಳೆದವರು. ಅಲ್ಲೂ ಆಡು ಆನೆಯನ್ನು ನುಂಗುತ್ತದೆ, ಗೋಡೆ ಸುಣ್ಣವನ್ನು ನುಂಗುತ್ತದೆ. ಮಕ್ಕಳು ನಗುತ್ತಾರೆ. ಆದರೆ ಕೊನೆಗೆ ಗೋವಿಂದ ಗುರುವಿನ ಪಾದ ಆತ್ಮವನ್ನೇ ನುಂಗಿದಾಗ, ಓಹೋ ಇದು ಬೇರೆ ಮಾತು ಅಂತ ಗೊತ್ತಾಗುತ್ತದೆ. ಶರೀಫರು ತೀರಿಕೊಂಡದ್ದು 1889ರಲ್ಲಿ. ಆಗ ಸುಕುಮಾರ್ ಎರಡು ವರ್ಷದ ಕೂಸು. ಸುಕುಮಾರರ ಪದ್ಯಕ್ಕೆ ಅಂಥ ಒಳಬಾಗಿಲು ಇಲ್ಲ. ಒಳಗೆ ಏನಿದೆ ಅಂತ ಹುಡುಕಿದರೆ ಕೈಯಲ್ಲಿ ಉಳಿಯುವುದು ಪೆನ್ಸಿಲ್.

ಕೆಲವರು ಒಪ್ಪಲ್ಲ. 'ಇಪ್ಪತ್ತೊಂದರ ಕಾನೂನು' ಅಂತ ಒಂದು ಪದ್ಯ ಇದೆ. ಆ ರಾಜ್ಯದಲ್ಲಿ ಕಾಲು ಜಾರಿ ಬಿದ್ದರೆ ಪೊಲೀಸರು ಹಿಡಿದು 21 ರೂಪಾಯಿ ದಂಡ ಹಾಕುತ್ತಾರೆ. ಸಂಜೆ ಆರರೊಳಗೆ ಸೀನಬೇಕಾದರೆ ಟಿಕೆಟ್ ತಗೋಬೇಕು. ತಗೊಳ್ಳದೆ ಸೀನಿದರೆ ನಶ್ಯ ಹಾಕಿ 21 ಸಲ ಸೀನಿಸುತ್ತಾರೆ. ಇದು ಬ್ರಿಟಿಷರ ಕಾಯ್ದೆಗೆ ಹೊಡೆದ ಏಟು ಅನ್ನುತ್ತಾರೆ. ಇರಬಹುದು. ಆ ಕಾಲದಲ್ಲಿ ಬದುಕಿದ ಮನುಷ್ಯನಿಗೆ ಪೊಲೀಸು, ದಂಡ ಕಾಣದೇ ಇರುತ್ತದಾ? ಆದರೆ ಅದೊಂದೇ ಆಗಿದ್ದರೆ ಬ್ರಿಟಿಷರ ಜೊತೆ ಪದ್ಯವೂ ಹಡಗು ಹತ್ತಿ ಹೋಗಬೇಕಿತ್ತು. ಹೋಗಿಲ್ಲ.

ಅವರೇ ತಮ್ಮ ಪದ್ಯದ ಪುಸ್ತಕಕ್ಕೆ ಮೂರು ನಾಲ್ಕು ಸಾಲಿನ ಮುನ್ನುಡಿ ಬರೆದಿದ್ದಾರೆ. ವಿಚಿತ್ರವಾದದ್ದು, ಅಸಾಧ್ಯವಾದದ್ದು, ಇಂಥವುಗಳದ್ದೇ ಇಲ್ಲಿ ವ್ಯವಹಾರ, ಇದು 'ಖೇಯಾಲ್ ರಸ'ದ ಪುಸ್ತಕ, ಆ ರಸ ಹಿಡಿಸದವರಿಗೆ ಈ ಪುಸ್ತಕ ಅಲ್ಲ ಅನ್ನುವುದು ಅದರ ತಾತ್ಪರ್ಯ. ನವರಸಕ್ಕೆ ಹತ್ತನೆಯದೊಂದನ್ನು ಸುಮ್ನೆ ಸೇರಿಸಿಬಿಟ್ಟರು! ಖೇಯಾಲ್ ಅಂದರೆ ಮನಸ್ಸಿನ ಲಹರಿ. ಪಂಚಾಕ್ಷರಿ ಗವಾಯಿಗಳ ಊರಲ್ಲಿ, ಭೀಮಸೇನ ಜೋಶಿಯವರ ಸೀಮೆಯಲ್ಲಿ ಖಯಾಲ್ ಗಾಯನ ಅಂದರೆ ಏನು ಅಂತ ನಾನು ಹೇಳಬೇಕಾ? ಅಲ್ಲಿ ಗವಾಯಿ ಮನಸ್ಸು ಬಂದ ಹಾಗೆ ಹೋಗುತ್ತಾನೆ. ಆದರೆ ತಬಲಾದವನ ಸಮ್, ಅಂದರೆ ತಾಳದ ಮೊದಲ ಪೆಟ್ಟು, ಬಂದಾಗ ಅಲ್ಲಿಗೇ ಬಂದು ಇಳಿಯುತ್ತಾನೆ. ಈ ಪದ್ಯಗಳನ್ನು ಗಟ್ಟಿಯಾಗಿ ಓದಿ ನೋಡಿ, ಎಲ್ಲೂ ಒಂದು ಮಾತ್ರೆ ಜಾರಿಲ್ಲ.

ಕೊನೆಯ ಎರಡೂವರೆ ವರ್ಷದ ಮಾತು ಬೇಗ ಮುಗಿಸ್ತೀನಿ. 1921ರ ಮೇ 2ರಂದು ಮಗ ಹುಟ್ಟಿದ. ಅವನೇ ಸತ್ಯಜಿತ್. ಅದೇ ವರ್ಷ ಅಪ್ಪನಿಗೆ ಕಾಲಾ ಆಜಾರ್ ಹಿಡಿಯಿತು. ಮರಳುನೊಣದಿಂದ ಬರುವ ಜ್ವರ. ಗುಲ್ಮ ಊದಿಕೊಂಡು, ರಕ್ತ ಬತ್ತಿ, ಮನುಷ್ಯ ಕಪ್ಪಾಗಿ ಸೊರಗುತ್ತಾನೆ. ಆಗ ಅದಕ್ಕೆ ನೆಚ್ಚುವಂಥ ಔಷಧ ಇರಲಿಲ್ಲ. ಅದೇ ಕಲ್ಕತ್ತೆಯಲ್ಲಿ, ಅದೇ ವರ್ಷಗಳಲ್ಲಿ, ಉಪೇಂದ್ರನಾಥ ಬ್ರಹ್ಮಚಾರಿ ಅನ್ನುವ ಡಾಕ್ಟರು ಯೂರಿಯಾ ಸ್ಟಿಬಮೈನ್ ಅನ್ನುವ ಮದ್ದು ಮಾಡಿದ್ದರು. ಮುಂದೆ ಅದರಿಂದ ಲೆಕ್ಕವಿಲ್ಲದಷ್ಟು ಜನ ಬದುಕಿಕೊಂಡರು. ಇವರು ಬದುಕಲಿಲ್ಲ.

ಹಾಸಿಗೆಯಲ್ಲೇ ಬರೆದರು, ಚಿತ್ರ ತೆಗೆದರು. 'ಹಜಬರಲ' ಪತ್ರಿಕೆಯಲ್ಲಿ ಬಂದದ್ದು ಈ ಕಾಯಿಲೆಯ ನಡುವೆ. ಸತ್ಯಜಿತ್‌ಗೆ ಅಪ್ಪನ ನೆನಪು ಇದ್ದದ್ದೇ ಒಂದೋ ಎರಡೋ. ಗಂಗೆಯ ದಂಡೆಯ ಮನೆಯಲ್ಲಿ, ಕಿಟಕಿಯ ಹತ್ತಿರ ಚಿತ್ರ ಬರೆಯುತ್ತ ಕೂತ ಅಪ್ಪ, ಹಡಗು ಹೋಗ್ತಿದೆ ನೋಡು ಅಂದದ್ದು, ತಾನು ಓಡಿ ಹೋಗಿ ನೋಡಿದ್ದು. ರವೀಂದ್ರನಾಥರು ಬಂದು ಹಾಸಿಗೆಯ ಪಕ್ಕ ಕೂತು ಹಾಡು ಹೇಳಿ ಹೋದರು.

ತಮ್ಮ ಪದ್ಯಗಳನ್ನೆಲ್ಲ ಸೇರಿಸಿ 'ಆಬೋಲ್ ತಾಬೋಲ್', ಅಂದರೆ ಅಸಂಬದ್ಧ ಮಾತು, ಅಂತ ಪುಸ್ತಕ ಮಾಡುತ್ತಿದ್ದರು. ಮುಖಪುಟ, ಚಿತ್ರ, ಯಾವ ಪುಟದಲ್ಲಿ ಯಾವುದು ಅನ್ನುವುದೆಲ್ಲ ಅವರದೇ. ಪ್ರೆಸ್ಸಿನವರು ಅದಕ್ಕೆ ಡಮ್ಮಿ ಅಂತಾರೆ. ಪುಸ್ತಕ ಹೇಗೆ ಬರುತ್ತದೆ ಅಂತ ಮೊದಲೇ ಕಟ್ಟಿ ನೋಡುವ ಕಚ್ಚಾ ಪ್ರತಿ. ಡಮ್ಮಿ ಅವರ ಕೈಗೆ ಬಂತು. 1923ರ ಸೆಪ್ಟೆಂಬರ್ 10ರಂದು ಹೋದರು. ಮೂವತ್ತಾರು ತುಂಬಿರಲಿಲ್ಲ. ಪುಸ್ತಕ ಹೊರಬಂದದ್ದು ಸೆಪ್ಟೆಂಬರ್ 19ಕ್ಕೆ. ಒಂಬತ್ತು ದಿನ. ಅದರ ಕೊನೆಯ ಪದ್ಯದ ಕೊನೆಯ ಸಾಲು, ನಿದ್ದೆ ದಟ್ಟವಾಗಿ ಬಂತು, ನನ್ನ ಹಾಡಿನ ಸರದಿ ಮುಗಿಯಿತು, ಅಂತ.

1927ರಲ್ಲಿ ಪ್ರೆಸ್ಸು ಮುಳುಗಿತು, ಮನೆಯೂ ಹೋಯಿತು. ಸತ್ಯಜಿತ್ 1961ರಲ್ಲಿ 'ಸಂದೇಶ್' ಮತ್ತೆ ಶುರು ಮಾಡಿದರು. ಅವರು ಮಕ್ಕಳ ಕಥೆ ಬರೆಯಲು ಕೂತದ್ದೇ ಆ ಪತ್ರಿಕೆಯ ದೆಸೆಯಿಂದ. ಅಪ್ಪ ಹುಟ್ಟಿ ನೂರು ವರ್ಷ ಆದಾಗ, 1987ರಲ್ಲಿ, ಅವರ ಮೇಲೆ ಒಂದು ಸಾಕ್ಷ್ಯಚಿತ್ರವನ್ನೂ ಮಾಡಿದರು. ಅದನ್ನು ನಾನು ಖರಗಪುರದಲ್ಲಿ ನೋಡಿದೆ. ಬಾಬುರಾಮನ ಪದ್ಯ ಕಲಿಸಿದ ಆ ಹುಡುಗಿ ಪಕ್ಕದಲ್ಲಿ ಕೂತು, ನನಗೆ ಅರ್ಥವಾಗದ ಕಡೆ ಬಿಡಿಸಿ ಹೇಳುತ್ತಿತ್ತು.

(ಮಾತು ಮುಗಿದು ಚಹಾ ಬಂತು. ನಾಲ್ಕನೇ ಇಯತ್ತೆಯ ಒಬ್ಬಳು ನೋಟ್‌ಬುಕ್ ಹಿಡಿದುಕೊಂಡು ಬಂದಳು. ಕೋತಿಮಿಂಗಿಲದ ಚಿತ್ರ ಬರೆದಿದ್ದಳು. ಮುಖ, ಕೈ, ಹೊಟ್ಟೆ ಎಲ್ಲ ಆಗಿತ್ತು. ಹಿಂದಿನ ತುದಿ ಖಾಲಿ.

"ಸರ್, ಇದಕ್ಕೆ ಬಾಲ ಕೋತೀದೋ, ತಿಮಿಂಗಿಲದ್ದೋ?"

"ಎರಡೂ ಹಾಕಮ್ಮ" ಅಂದೆ.

ಎರಡೂ ಬರೆದಳು. ಒಂದು ಉದ್ದಕ್ಕೆ ಸುರುಳಿ, ಒಂದು ಅಗಲಕ್ಕೆ ಬೀಸಣಿಗೆ. ನೋಡಿದಳು. ಸಮಾಧಾನ ಆದ ಹಾಗೆ ಕಾಣಲಿಲ್ಲ.

"ಮತ್ತ ನಡುವ ನೊಣ ಕುಂತ್ರ?"

ನಾನು ಏನಾದರೂ ಹೇಳುವುದರೊಳಗೆ ಎರಡು ಬಾಲದ ನಡುವೆ ಬೆರಳುದ್ದದ ಮೂರನೆಯದೊಂದು ಬರೆದುಕೊಂಡು ಹೋದಳು.)